ತುರು ಮರಳಿಸಿ ಮನೆಗೆ ಬಂದವನು

ಸೊರಬದಿಂದ ಬಂದವರೂ ಸಭೆಯಲ್ಲಿದ್ದೀರಿ, ಕೊನೆಯ ಬಸ್ಸು ತಪ್ಪದ ಹಾಗೆ ಮುಗಿಸುತ್ತೇನೆ.

ಆಮಂತ್ರಣ ಪತ್ರಿಕೆಯಲ್ಲಿ ಇವತ್ತಿನ ವಿಷಯ ‘ಲಿಲಿಯಾನ್ ಥುರಾಮ್ ಮತ್ತು ನಮ್ಮ ವೀರಗಲ್ಲುಗಳು’ ಎಂದಿದೆ. ಅದನ್ನು ನೋಡಿ ಹಿರಿಯರೊಬ್ಬರು ಫೋನ್ ಮಾಡಿದ್ದರು. ‘ಫ್ರಾನ್ಸಿನ ಫುಟ್‌ಬಾಲ್ ಆಟಗಾರನಿಗೂ ಬಳ್ಳಿಗಾವಿಯ ಕಲ್ಲಿಗೂ ಎಲ್ಲಿಯ ನಂಟು ಮಾರಾಯ್ರೇ?’ ಎಂದು ಕೇಳಿದರು. ನಂಟು ಇದೆ ಎಂದು ಬಹಳ ವರ್ಷದಿಂದ ನನ್ನ ಮನಸ್ಸಿನಲ್ಲಿ ಕೂತಿದೆ. ಅದನ್ನು ಮೊದಲು ಹೊಳೆಯಿಸಿದವರು ನನ್ನ ಡ್ರಿಲ್ ಮೇಷ್ಟ್ರು.

1998ರ ಜುಲೈ 8. ಫ್ರಾನ್ಸ್ ಮತ್ತು ಕ್ರೊಯೇಷ್ಯಾ ನಡುವೆ ವಿಶ್ವಕಪ್ ಸೆಮಿಫೈನಲ್. ನಮ್ಮಲ್ಲಿ ಆಟ ಶುರುವಾದಾಗ ನಡುರಾತ್ರಿ ಕಳೆದು ಅರ್ಧ ಗಂಟೆ. ಹೊರಗೆ ಆಷಾಢದ ಮಳೆ. ಮೇಷ್ಟ್ರ ಮನೆಯ ಟೀವಿ ಮುಂದೆ ನಾವು ಐದಾರು ಜನ ಹಳೆಯ ವಿದ್ಯಾರ್ಥಿಗಳು ಕಂಬಳಿ ಹೊದ್ದು ಕೂತಿದ್ದೆವು. ಮೇಷ್ಟ್ರು ಕಾಲೇಜು ದಿನಗಳಲ್ಲಿ ಬ್ಯಾಕ್ ಆಡಿದವರು. ಹಾಗಾಗಿ ಚೆಂಡು ಎಲ್ಲಿದೆ ಎಂದು ಅವರು ನೋಡುತ್ತಲೇ ಇರಲಿಲ್ಲ. ‘ಥುರಾಮ್ ಎಲ್ಲಿ ನಿಂತಿದಾನೆ ನೋಡ್ರೋ’ ಎನ್ನುತ್ತಿದ್ದರು.

ವಿರಾಮ ಮುಗಿದು ಒಂದೇ ನಿಮಿಷಕ್ಕೆ ಕ್ರೊಯೇಷ್ಯಾದ ಶೂಕರ್ ಗೋಲು ಹೊಡೆದ. ತಪ್ಪು ಥುರಾಮನದೇ. ಜೊತೆಯ ಬ್ಯಾಕ್‌ಗಳೆಲ್ಲ ಮುಂದೆ ಸರಿದರೂ ಇವನೊಬ್ಬ ಹಿಂದೆ ಉಳಿದ, ಅದರಿಂದ ಶೂಕರ್ ಆಫ್‌ಸೈಡ್ ಆಗಲಿಲ್ಲ. ಮೇಷ್ಟ್ರು ತಲೆ ಮೇಲೆ ಕೈ ಹೊತ್ತರು. ಇನ್ನೊಂದು ನಿಮಿಷ ಕಳೆಯುವುದರೊಳಗೆ ಅದೇ ಥುರಾಮ್ ಎದುರಾಳಿಯ ಪೆನಾಲ್ಟಿ ಪ್ರದೇಶದ ಅಂಚಿನಲ್ಲಿ ಬೊಬಾನ್ ಕಾಲಿನಿಂದ ಚೆಂಡು ಕಿತ್ತುಕೊಂಡ. ಜೋರ್ಕೆಫ್ ಕಡೆಗೆ ತಳ್ಳಿ, ಮರಳಿ ಪಡೆದು, ಬಲೆಗೆ ನೂಕಿದ. ಎಪ್ಪತ್ತನೇ ನಿಮಿಷಕ್ಕೆ ಎಡಗಾಲಿನಲ್ಲಿ ಇನ್ನೊಂದು. ಆಮೇಲೆ ಮಂಡಿಯೂರಿ ಕೂತು, ತುಟಿಯ ಮೇಲೆ ಬೆರಳಿಟ್ಟು, ಏನಾಯಿತು ಎಂದು ತನಗೇ ತಿಳಿಯದವನ ಹಾಗೆ ನೋಡುತ್ತಿದ್ದ. ನಾವು ಎದ್ದು ಕುಣಿದೆವು. ಮೇಷ್ಟ್ರು ಕೂತಲ್ಲೇ ಕೂತು ಒಂದು ಮಾತು ಹೇಳಿದರು: ‘ಪಾಪ, ಇನ್ನು ಇವನನ್ನ ಇವೆರಡು ಗೋಲಿಗೇ ನೆನೆಸ್ಕೊಳ್ತಾರೆ.’

ಹಾಗೇ ಆಯಿತು. ಥುರಾಮ್ 1972ರಲ್ಲಿ ಕೆರಿಬಿಯನ್ ಕಡಲಿನ ಗ್ವಾಡಲೂಪ್ ದ್ವೀಪದಲ್ಲಿ ಹುಟ್ಟಿ, ಒಂಬತ್ತನೇ ವಯಸ್ಸಿಗೆ ಫ್ರಾನ್ಸಿಗೆ ಬಂದ ಹುಡುಗ. ಮೊನಾಕೊದಲ್ಲಿ ಪಳಗಿ, 1996ರಿಂದ ಇಟಲಿಯ ಪಾರ್ಮಾ, 2001ರಿಂದ ಯುವೆಂಟಸ್, 2006ರಿಂದ ಬಾರ್ಸಿಲೋನಾ ಪರವಾಗಿ ಆಡಿದ. 2008ರಲ್ಲಿ ಹೃದಯದ ದೋಷ ಪತ್ತೆಯಾಗಿ ಆಟ ನಿಲ್ಲಿಸಿದ. ದೇಶಕ್ಕಾಗಿ 142 ಪಂದ್ಯ, ಹೊಡೆದ ಗೋಲು ಎರಡೇ, ಎರಡೂ ಆ ಒಂದೇ ರಾತ್ರಿ. ಆ ವಿಶ್ವಕಪ್ಪಿನ ಏಳು ಪಂದ್ಯಗಳಲ್ಲಿ ಫ್ರಾನ್ಸ್ ಬಿಟ್ಟುಕೊಟ್ಟದ್ದೂ ಎರಡೇ ಗೋಲು. ಈ ಎರಡನೆಯ ‘ಎರಡು’ ಯಾರಿಗೂ ನೆನಪಿಲ್ಲ.

ನಮ್ಮವರದೇ ಒಂದು ಕಥೆ ಇದೆ. 1948ರ ಲಂಡನ್ ಒಲಿಂಪಿಕ್ಸಿನಲ್ಲಿ ಸ್ವತಂತ್ರ ಭಾರತದ ತಂಡ ಎದುರಿಸಿದ್ದು ಇದೇ ಫ್ರಾನ್ಸನ್ನು. ಬಹುಪಾಲು ಜನ ಬರಿಗಾಲಲ್ಲಿ ಆಡಿದರು. ಮೈಸೂರು ಸಂಸ್ಥಾನದ ವರದರಾಜ್ ಗೋಲ್‌ಕೀಪರ್, ನಮ್ಮ ಏಕೈಕ ಗೋಲು ಬೆಂಗಳೂರಿನ ರಾಮನ್ ಅವರದು. 2-1ರಲ್ಲಿ ಸೋತೆವು. ಸೈಲೇನ್ ಮನ್ನಾ ಎಂಬ ದೊಡ್ಡ ಬ್ಯಾಕ್ ಅವತ್ತು ಕೊನೆಯವರೆಗೂ ಕಾದರು. ಮೂರು ವರ್ಷದ ನಂತರ ಏಷ್ಯನ್ ಕ್ರೀಡಾಕೂಟದಲ್ಲಿ ಚಿನ್ನ ಗೆದ್ದ ತಂಡದ ನಾಯಕರೂ ಅವರೇ. ಆದರೆ ಆ ದಿನದ ಬಗ್ಗೆ ಬರೆಯುವವರೆಲ್ಲ ಬರೆಯುವುದು ಮನ್ನಾ ಪೆನಾಲ್ಟಿಯಲ್ಲಿ ಗುರಿ ತಪ್ಪಿದರು ಎಂಬುದನ್ನು. ಒಬ್ಬ ಬ್ಯಾಕ್ ಹೊಡೆದ ಗೋಲಿಗೆ ಉಳಿದ, ಇನ್ನೊಬ್ಬರು ಹೊಡೆಯದ ಗೋಲಿಗೆ ಉಳಿದರು. ಕಾದದ್ದು ಎರಡೂ ಕಡೆ ಲೆಕ್ಕಕ್ಕೆ ಬರಲಿಲ್ಲ.

ಈಗ ಕಲ್ಲಿನ ಹತ್ತಿರ ಬರುತ್ತೇನೆ. ರೈಸ್ ಸಾಹೇಬರು ಶಾಸನ ಸಂಪುಟಗಳನ್ನು ತಂದಾಗ ಶಿಕಾರಿಪುರ ಏಳನೆಯದರಲ್ಲಿ, ಸೊರಬ ಎಂಟನೆಯದರಲ್ಲಿ ಸೇರಿದವು. ತಾಳಗುಂದ, ಬಳ್ಳಿಗಾವಿ ಎಲ್ಲರಿಗೂ ಗೊತ್ತು. ನನ್ನನ್ನು ಹಿಡಿದದ್ದು ಊರ ಹೊರಗಿನ ಸಾಮಾನ್ಯ ಕಲ್ಲುಗಳು. ಅವುಗಳ ಹತ್ತಿರ ನನ್ನನ್ನು ಕರೆದುಕೊಂಡು ಹೋದವರು ನಮ್ಮ ಕನ್ನಡ ಮೇಷ್ಟ್ರು. ಸೊರಬದ ಕಡೆಯ ಒಂದು ಕೆರೆ ಏರಿಯ ಮೇಲೆ ಅವರು ಒಂದು ವೀರಗಲ್ಲಿನ ಪಡಿಯಚ್ಚು ತೆಗೆದದ್ದು ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಮೊದಲು ನೀರು ಹೊಯ್ದು, ತೆಂಗಿನ ನಾರಿನಿಂದ ಹಾವಸೆ ಉಜ್ಜಿ ತೆಗೆಯಬೇಕು. ಒದ್ದೆ ಕಾಗದ ಹಾಸಿ, ಅಕ್ಷರದ ಕುಳಿಗೆ ಇಳಿಯುವವರೆಗೆ ಬ್ರಷ್ಷಿನಿಂದ ಬಡಿಯಬೇಕು. ನೀರಾರಿದ ಮೇಲೆ ಮಸಿ ಒತ್ತಿದರೆ ಕಾಗದ ಕಪ್ಪಾಗುತ್ತದೆ, ಅಕ್ಷರ ಮಾತ್ರ ಬೆಳ್ಳಗೆ ಉಳಿಯುತ್ತದೆ. ‘ಮಸಿ ಬೀಳದ ಕಡೆ ಓದಬೇಕಪ್ಪ’ ಎನ್ನುತ್ತಿದ್ದರು ಮೇಷ್ಟ್ರು.

ಆ ಕಲ್ಲಿನಲ್ಲಿ ಮೂರು ಅಂತಸ್ತು. ಕೆಳಗೆ ಕಾಳಗ ಮತ್ತು ಹಸುಗಳ ಸಾಲು, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಶಿವಲಿಂಗದ ಮುಂದೆ ಕೈಮುಗಿದು ಕೂತ ಅವನೇ. ಅದು ತುರುಗೊಳ್ ಕಲ್ಲು. ದನ ಹೊಡೆದುಕೊಂಡು ಹೋದವರ ಬೆನ್ನಟ್ಟಿ, ಕಾದು, ತುರು ಮರಳಿಸಿ ಸತ್ತವನ ಕಲ್ಲು. ಅರಸನ ಗೆಲುವಿಗೆ ಪ್ರಶಸ್ತಿ ಬರೆಯುವ ಕವಿಗಳಿದ್ದರು. ಊರು ಕಲ್ಲು ನಿಲ್ಲಿಸಿದ್ದು ಕಾಯ್ದವನಿಗೆ. ಅವನ ಮನೆಯವರಿಗೆ ನೆತ್ತರುಗೊಡಗೆ ಎಂದು ಭೂಮಿ ಕೊಟ್ಟದ್ದೂ ಉಂಟು. ಕಾಯುವವನನ್ನು ಜಗತ್ತು ಮರೆತಿತು, ನಮ್ಮ ಊರು ಮರೆಯಲಿಲ್ಲ ಎಂದು ನಾನು ಬಹಳ ಕಾಲ ಹೆಮ್ಮೆಯಿಂದ ಹೇಳಿಕೊಂಡು ಬಂದೆ. ದಾಳಿಗೆ ಹೋಗಿ ಸತ್ತವರಿಗೂ ಕಲ್ಲುಗಳಿವೆ ಎಂದು ಸ್ನೇಹಿತರು ತಕರಾರು ತೆಗೆದಿದ್ದಾರೆ. ಇವೆ, ಒಪ್ಪುತ್ತೇನೆ. ಆದರೆ ನನ್ನ ಹೆಮ್ಮೆಯನ್ನು ಕದಡಿದ್ದು ಆ ತಕರಾರಲ್ಲ.

ಕೆಲವು ವರ್ಷದ ಹಿಂದೆ ಅದೇ ಏರಿಯ ಮೇಲೆ ಒಬ್ಬನೇ ಕೂತಿದ್ದಾಗ ಇನ್ನೊಂದು ಸಂಗತಿ ಹೊಳೆಯಿತು. ವೀರ ಸತ್ತ, ಸರಿ. ತುರು ಮರಳಿತು ಎಂದೂ ಕಲ್ಲು ಹೇಳುತ್ತದೆ. ಹಾಗಾದರೆ ಆ ದನಗಳನ್ನು ಕತ್ತಲಲ್ಲಿ ಊರಿಗೆ ಹೊಡೆದುಕೊಂಡು ಬಂದವರು ಯಾರು? ಅವರೂ ಬಿಲ್ಲು ಹಿಡಿದು ಅವನ ಪಕ್ಕದಲ್ಲೇ ಕಾದವರು. ಬದುಕಿ ಬಂದರು, ಕೊಟ್ಟಿಗೆಯಲ್ಲಿ ದನ ಕಟ್ಟಿದರು, ಬೆಳಿಗ್ಗೆ ಹಾಲು ಕರೆದರು. ಅವರಿಗೆ ಕಲ್ಲಿಲ್ಲ. ಗೆದ್ದು ಮನೆಗೆ ಬಂದ ಕಾವಲುಗಾರ ನಮ್ಮ ಊರಿನಲ್ಲೂ ಮಸಿ ಬೀಳದ ಕಡೆಯೇ ಉಳಿದ.

ಉತ್ತರ ಗೋಗ್ರಹಣದ ಆಟವನ್ನು ನಾವೆಲ್ಲ ಎಷ್ಟು ಸಲ ನೋಡಿಲ್ಲ! ದನ ಬಿಡಿಸಿಕೊಂಡು ಬಂದದ್ದು ಬೃಹನ್ನಳೆ, ಆದರೆ ವಿರಾಟ ಮಗನನ್ನು ಹೊಗಳುತ್ತಾನೆ. ನಿಜ ಹೇಳಲು ಹೋದ ಕಂಕಭಟ್ಟನ ಮುಖಕ್ಕೆ ದಾಳ ಬೀಳುತ್ತದೆ. ಆ ದೃಶ್ಯಕ್ಕೆ ಚಿಕ್ಕಂದಿನಲ್ಲಿ ನಗುತ್ತಿದ್ದೆ, ಈಗ ನಗಲು ಆಗುವುದಿಲ್ಲ.

ನಮ್ಮ ಡ್ರಿಲ್ ಮೇಷ್ಟ್ರು ಈಗಿಲ್ಲ. ಅವರ ಸ್ಮರಣೆಗೆ ನಾವು ಹಳೆಯ ವಿದ್ಯಾರ್ಥಿಗಳು ಒಂದು ಪುಸ್ತಿಕೆ ತರುವ ಸಿದ್ಧತೆಯಲ್ಲಿದ್ದೇವೆ. ಅವರ ಬಗ್ಗೆ ಬರೆಯುವ ಪುಟ ನನ್ನ ಪಾಲಿಗೆ ಬಂದಿದೆ. ಕಪ್ಪು, ಪದಕ ಏನೂ ಇಲ್ಲ. ಅವರ ಕಾಲದಲ್ಲಿ ನಮ್ಮ ಹಿಂದೆ ಯಾರೋ ಇದ್ದಾರೆ ಎಂಬ ಧೈರ್ಯ ನಮಗಿತ್ತು, ಅಷ್ಟೆ. ಮೂರು ಸಲ ಕೂತೆ, ಮೂರು ಸಲವೂ ಕೈ ತಾನಾಗಿ ಬರೆದದ್ದು ಅವರು ಕಾಲೇಜಿನಲ್ಲಿ ಹೊಡೆದಿದ್ದ ಒಂದೇ ಒಂದು ಗೋಲಿನ ಕಥೆಯನ್ನು. ಮೂರು ಸಲವೂ ಹರಿದು ಹಾಕಿದೆ.

ಸಭೆಯಲ್ಲಿ ಶಾಸನ ಓದಿದವರಿದ್ದೀರಿ, ಕಬಡ್ಡಿಯಲ್ಲಿ ಕ್ಯಾಚ್ ಹಿಡಿದವರಿದ್ದೀರಿ. ನಿಮ್ಮನ್ನೇ ಕೇಳುತ್ತೇನೆ. ಆಗದೆ ಉಳಿದ ಅನಾಹುತವನ್ನು ಕಲ್ಲಿನಲ್ಲಿ ಹೇಗೆ ಕೆತ್ತುವುದು? ಊರು ಸತ್ತವನಿಗೆ ಮಾತ್ರ ಕಲ್ಲು ನೆಟ್ಟದ್ದು ಮರೆವಿನಿಂದಲೋ, ಅಥವಾ ಬದುಕಿ ಬಂದವನಿಗೆ ಹಾಲು ಕರೆಯುವ ಬೆಳಗೇ ಸಾಕು ಎಂದು ಬಗೆದೋ? ಮೇಷ್ಟ್ರ ಆ ಗೋಲಿನ ಕಥೆಯನ್ನು ನಾನು ಪುಸ್ತಿಕೆಗೆ ಹಾಕಲೋ, ಬಿಡಲೋ?