ಹಳೆಯ ವರದಿಗಳನ್ನು ಹುಡುಕುವ ಬಗೆ



ಕಳೆದ ವರ್ಷ ನಾವು ನಮ್ಮ ಶಾಲೆಯ ಪರವಾಗಿ ಒಂದು ಮನವಿಯನ್ನು ಬರೆದೆವು. ಕನ್ನಡ ಬಲ್ಲ ಅಧ್ಯಾಪಕರೊಬ್ಬರನ್ನು ದಯಪಾಲಿಸಬೇಕೆಂಬುದು ಅದರ ಸಾರ. ಮಹಾಜನ ಆಯೋಗವು ಕಾಸರಗೋಡನ್ನು ಸಮಗ್ರವಾಗಿ ಕನ್ನಡನಾಡಿಗೆ ಸೇರಿಸಬೇಕೆಂದಿದೆಯೆಂದು ಅದರ ಮೊದಲಲ್ಲಿಯೇ ಗಟ್ಟಿಯಾಗಿ ಬರೆದಿದ್ದೆವು. ‘ಯಾವ ಪುಟದಲ್ಲಿ?’ ಎಂಬ ಒಂದೇ ಪ್ರಶ್ನೆಯೊಡನೆ ಮನವಿ ಹಿಂದಿರುಗಿತು. ಮೂವತ್ತು ವರ್ಷ ಈ ಮಾತನ್ನು ವೇದಿಕೆಗಳಲ್ಲಿ ಆಡಿದವರು ನಾವು. ವರದಿಯನ್ನು ಕಣ್ಣಾರೆ ಕಂಡವರಲ್ಲ!

ಹುಡುಕಿ ಓದಿದಾಗ, 1967ರ ಆ ವರದಿ ಹೇಳಿರುವುದು ಚಂದ್ರಗಿರಿ ಹೊಳೆಯ ಉತ್ತರದ ಭಾಗವನ್ನು ಮಾತ್ರವೆಂದು ತಿಳಿಯಿತು. ಅದಕ್ಕೂ ಮೊದಲು, 1955ರಲ್ಲಿ, ರಾಜ್ಯ ಪುನರ್ವಿಂಗಡಣಾ ಆಯೋಗವು ಇಡೀ ತಾಲೂಕನ್ನು ಕೇರಳಕ್ಕೆ ಕೊಡಬೇಕೆಂದಿತ್ತು. ಅದು ನಮಗೆ ಹಿತವಾದ ಮಾತಲ್ಲ. ಆದರೂ ಓದಲೇಬೇಕು, ಎದುರಿನವರು ಓದಿರುತ್ತಾರೆ.

ಇಂತಹ ಗ್ರಂಥಗಳಿಗಾಗಿ ಈಗ ಮದರಾಸಿಗೋ ಬೆಂಗಳೂರಿಗೋ ಹೋಗಬೇಕಾಗಿಲ್ಲ. ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ ಯೋಜನೆಯವರು ಪುಟಪುಟವಾಗಿ ಚಿತ್ರ ತೆಗೆದಿರಿಸಿದ ಸಹಸ್ರಾರು ಪುಸ್ತಕಗಳು ಇಂಟರ್ನೆಟ್ ಆರ್ಕೈವ್ ಎಂಬ ತಾಣದಲ್ಲಿ ಉಚಿತವಾಗಿ ದೊರೆಯುತ್ತವೆ. ಜನಗಣತಿ ಇಲಾಖೆಯ ತಾಣದಲ್ಲಿ ಹಳೆಯ ದಶಕಗಳ ವರದಿಗಳಿವೆ. ಗ್ರಿಯರ್ಸನ್ನರ ಭಾಷಾ ಸಮೀಕ್ಷೆಯೂ ಹೀಗೆಯೇ ಲಭ್ಯ. ದ್ರಾವಿಡ ಭಾಷೆಗಳ ಸಂಪುಟ 1906ರದು.

ಇದ್ದ ಮಾತ್ರಕ್ಕೆ ಸಿಕ್ಕೀತೆಂದಲ್ಲ. ನಾವು ‘ದಕ್ಷಿಣ ಕನ್ನಡ’ವೆಂದು ಹುಡುಕಿ ಬರಿಗೈಯಲ್ಲಿ ಕುಳಿತೆವು. ಆಗಿನ ಆಂಗ್ಲ ಗ್ರಂಥಗಳಲ್ಲಿ ಅದು ‘ಸೌತ್ ಕೆನರಾ’. 1894ರ ಜಿಲ್ಲಾ ಕೈಪಿಡಿಯಲ್ಲಿ ‘ಸಿ’ ಅಕ್ಷರದಿಂದ, 1951ರ ಜನಗಣತಿಯಲ್ಲಿ ‘ಕೆ’ ಅಕ್ಷರದಿಂದ. ನಮ್ಮ ಭಾಷೆಯೂ ಅಲ್ಲಿ ‘ಕೆನರೀಸ್’. ಕನ್ನಡ ಪುಸ್ತಕಗಳ ಹೆಸರನ್ನಂತೂ ಅನೇಕ ವೇಳೆ ರೋಮನ್ ಲಿಪಿಯಲ್ಲಿ, ಬರೆದವರಿಗೆ ತೋಚಿದಂತೆ ದಾಖಲಿಸಿದ್ದಾರೆ. ನಾಲ್ಕು ಬಗೆಯಲ್ಲಿ ಬರೆದು ನೋಡಬೇಕು. ಅದೂ ಆಗದಿದ್ದರೆ ಗ್ರಂಥಕರ್ತರ ಹೆಸರಿನಿಂದ ಅರಸಬೇಕು. ಹಳೆಯ ಅಚ್ಚಿನ ಕನ್ನಡವನ್ನು ಯಂತ್ರವು ಸರಿಯಾಗಿ ಓದಲಾರದು. ಆದುದರಿಂದ ಒಳಗಿನ ಮಾತಿಗೆ ಪುಟಗಳನ್ನು ನಾವೇ ತಿರುವಬೇಕು. ಮಡಚಿದ ನಕ್ಷೆಗಳನ್ನು ಹಲವೆಡೆ ಬಿಡಿಸದೆಯೇ ಚಿತ್ರ ತೆಗೆದಿರುತ್ತಾರೆ. ಗಡಿಯವರಾದ ನಮಗೆ ಇದೊಂದು ದೊಡ್ಡ ವ್ಯಥೆ. ಉಲ್ಲೇಖಿಸುವಾಗ ಪರದೆಯ ಮೇಲಿನ ಅಂಕೆಯನ್ನಲ್ಲ, ಪುಟದಲ್ಲಿಯೇ ಅಚ್ಚಾದ ಅಂಕೆಯನ್ನು ಬರೆಯಿರಿ. ನಾವು ಮೊದಲು ಅಲ್ಲಿಯೂ ಎಡವಿದೆವು.

ಹುಡುಕಾಟದಲ್ಲಿ ನಿಜವಾಗಿ ಕೈಗೂಡಿದುದು ಬೇರೊಂದು. ಸಂವಿಧಾನದ 350ಬಿ ವಿಧಿಯಂತೆ ಭಾಷಾ ಅಲ್ಪಸಂಖ್ಯಾತರಿಗಾಗಿ ನೇಮಕವಾದ ಅಧಿಕಾರಿಯ ವರದಿಗಳನ್ನು ಸಂಸತ್ತಿನ ಮುಂದಿರಿಸುತ್ತಾರೆ. ಅವುಗಳ ಜಾಡು ಹಿಡಿದು 1956ರ ಕೇಂದ್ರ ಸರಕಾರದ ಜ್ಞಾಪನಪತ್ರಕ್ಕೆ ತಲಪಿದೆವು. ಒಂದು ತರಗತಿಯಲ್ಲಿ 10 ಅಥವಾ ಇಡೀ ಶಾಲೆಯಲ್ಲಿ 40 ಮಕ್ಕಳು ಬೇರೆ ಮಾತೃಭಾಷೆಯವರಿದ್ದರೆ ಪ್ರಾಥಮಿಕ ಹಂತದಲ್ಲಿ ಆ ಭಾಷೆಯ ಅಧ್ಯಾಪಕರನ್ನು ಒದಗಿಸಬೇಕೆಂಬ, 1949ರ ಶಿಕ್ಷಣ ಮಂತ್ರಿಗಳ ಸಮ್ಮೇಳನದ ನಿರ್ಣಯವು ಅದರಲ್ಲಿ ಅಡಕವಾಗಿದೆ. ನಮ್ಮ ಮೂರನೆಯ ತರಗತಿಯಲ್ಲಿ ಕನ್ನಡದ ಮಕ್ಕಳು ಹನ್ನೊಂದು! ನದಿಯ ಮಾತನ್ನು ಬಿಟ್ಟು, ಈ ಹನ್ನೊಂದು ಹೆಸರುಗಳನ್ನು ಪುಟಸಂಖ್ಯೆಯೊಡನೆ ಬರೆದು ಮತ್ತೆ ಕಳುಹಿಸಿದ್ದೇವೆ. ಉತ್ತರ ಇನ್ನೂ ಬಂದಿಲ್ಲ.

ಪ್ರತಿ ಭಾನುವಾರ ಸಂಜೆ ಶಾಲೆಯ ಕಂಪ್ಯೂಟರಿನ ಬಳಿ ನಾವಿರುತ್ತೇವೆ. ನೆರೆಯ ಗ್ರಾಮಗಳವರು ತಮ್ಮ ಶಾಲೆಯ ಹಾಜರಿ ಪುಸ್ತಕದ ಲೆಕ್ಕವನ್ನು ತರಗತಿವಾರು ಬರೆದುಕೊಂಡು ಬರಬೇಕಾಗಿ ವಿನಂತಿ.