ಬೆಳಗಿನ ಹೊತ್ತು ಯಾರ ಹೆಗಲ ಮೇಲೆ?

(ಸದಸ್ಯರ ತರಬೇತಿ ಶಿಬಿರದಲ್ಲಿ ಮಾಡಿದ ಭಾಷಣ)



ಬೆಳಗ್ಗೆ 5 ಗಂಟೆಗೆ ನಿಮ್ಮ ಮನೆಯಲ್ಲಿ ಮೊದಲು ಏಳುವವರು ಯಾರು? ಗುಬ್ಬಿ ಕಡೆಯ ಹಳ್ಳಿಯಾಗಲಿ, ಕುಣಿಗಲ್ ಕಡೆಯ ತೋಟದ ಮನೆಯಾಗಲಿ, ಹೆಚ್ಚಿನ ಮನೆಗಳಲ್ಲಿ ಅದು ಹೆಣ್ಣುಮಗಳೇ. ಸಗಣಿ ಬಾಚಬೇಕು, ಬೂಸಾ ಕಲೆಸಬೇಕು, ಹಾಲು ಕರೆಯಬೇಕು. ಅತ್ತ ಒಲೆ ಹಚ್ಚಿ, ತುಮಕೂರಿನ ಬಸ್ಸು ಹಿಡಿಯುವ ಮಕ್ಕಳಿಗೆ ಊಟದ ಡಬ್ಬಿ ಕಟ್ಟಬೇಕು. ಇತ್ತ ಡೈರಿಯ ಹೊತ್ತೂ ಮೀರುವಂತಿಲ್ಲ.

ಒಬ್ಬರೇ ನಾಲ್ಕು ಕೆಲಸಕ್ಕೆ ಓಡಾಡಿದರೆ ಹಾಲಿನ ಕೆಲಸವೇ ಕೆಡುತ್ತದೆ. ಕೆಚ್ಚಲು ತೊಳೆದು ಶುದ್ಧ ಬಟ್ಟೆಯಿಂದ ಒರೆಸಲು ಪುರುಸೊತ್ತಿರುವುದಿಲ್ಲ. ಮೊದಲ ಎರಡು ಮೂರು ಧಾರೆ ಬೇರೆ ಬಟ್ಟಲಿಗೆ ಕರೆದು ನೋಡಿದರೆ ಕೆಚ್ಚಲು ಬಾವು ಬೇಗ ಗೊತ್ತಾಗುತ್ತದೆ, ಅದೂ ತಪ್ಪಿಹೋಗುತ್ತದೆ. ಹಸು ಹಾಲು ಇಳಿಸಿದ ಮೇಲೆ 5ರಿಂದ 7 ನಿಮಿಷದೊಳಗೆ ಕರೆದು ಮುಗಿಸಬೇಕು. ನಡುವೆ ಒಲೆಯ ಕಡೆ ಎದ್ದುಹೋದರೆ ಹಾಲು ಕೆಚ್ಚಲಲ್ಲೇ ಉಳಿಯುತ್ತದೆ. ಕರೆದಾದ ಮೇಲೆ ಸುಮಾರು ಅರ್ಧ ಗಂಟೆ ಮೊಲೆತೊಟ್ಟಿನ ರಂಧ್ರ ತೆರೆದೇ ಇರುತ್ತದೆ. ಆಗ ಹಸು ಮಲಗದಂತೆ ಮುಂದೆ ಮೇವು ಹಾಕಿ.

ಕರೆದ ಹಾಲು ಬೆಚ್ಚಗಿರುವಷ್ಟು ಹೊತ್ತೂ ಅದರಲ್ಲಿ ಸೂಕ್ಷ್ಮಾಣುಗಳು ಬೆಳೆಯುತ್ತಲೇ ಇರುತ್ತವೆ. ಶೀತಲ ಘಟಕದಲ್ಲಿ 4 ಡಿಗ್ರಿಗೆ ತಂಪು ಮಾಡಿದರೂ ಆಗಲೇ ಕೆಟ್ಟದ್ದು ಸರಿಹೋಗುವುದಿಲ್ಲ. ಮಲ್ಲಸಂದ್ರದ ಡೈರಿಗೆ ಹೋಗುವ ಹಾಲಿನ ಗುಣಮಟ್ಟ ನಿಮ್ಮ ಕೊಟ್ಟಿಗೆಯಲ್ಲೇ ತೀರ್ಮಾನವಾಗುತ್ತದೆ.

ಆದ್ದರಿಂದ ಯಜಮಾನರಲ್ಲಿ ಒಂದು ಮಾತು. ಹೆಂಡತಿ ಹಾಲು ಕರೆಯುವಾಗ ಸಗಣಿ ನೀವು ಬಾಚಿ. ಮಗ ಮೇವು ಹಾಕಲಿ, ಕ್ಯಾನು ತೊಳೆಯಲಿ. ಇದರಲ್ಲಿ ಯಾರ ಮರ್ಯಾದೆಯೂ ಹೋಗುವುದಿಲ್ಲ. ಎಲ್ಲ ಹಾಲನ್ನೂ ಡೈರಿಗೆ ಸುರಿಯದೆ ಮಕ್ಕಳಿಗೆ ಒಂದೊಂದು ಲೋಟ ಮನೆಯಲ್ಲಿ ಉಳಿಸಿಕೊಳ್ಳಿ.

ಕೊನೆಯದಾಗಿ, ಲೆಕ್ಕದ ವಿಚಾರ. 2008ರಲ್ಲಿ ಲೀಟರಿಗೆ 2 ರೂಪಾಯಿಯಂತೆ ಆರಂಭವಾದ ಸರ್ಕಾರದ ಪ್ರೋತ್ಸಾಹಧನ 2016ರಲ್ಲಿ 5 ರೂಪಾಯಿಗೆ ಏರಿತು. ಆ ಹಣ ಉತ್ಪಾದಕರ ಬ್ಯಾಂಕ್ ಖಾತೆಗೇ ಜಮಾ ಆಗುತ್ತದೆ. ನಿಮ್ಮ ಮನೆಯಲ್ಲಿ ಆ ಖಾತೆ ಯಾರ ಹೆಸರಿನಲ್ಲಿದೆ? ಹಾಲು ಕರೆಯುವ ಕೈ ಒಂದು, ರುಜು ಹಾಕುವ ಕೈ ಇನ್ನೊಂದು ಆಗಿದ್ದರೆ ಯೋಚಿಸಿ. ಹಸು ಸಾಕುವ ತಾಯಿಯೇ ಸಂಘದ ಸದಸ್ಯೆಯಾದರೆ ಸಭೆಯಲ್ಲಿ ಮೇವಿನ ಮಾತು, ರೋಗದ ಮಾತು ಅನುಭವದಿಂದ ಬರುತ್ತದೆ. ಸಂಘ ಗಟ್ಟಿಯಾಗುವುದೂ ಅದರಿಂದಲೇ.

ನಾಳೆ ಬೆಳಗ್ಗೆ ಅವರೊಡನೆ ನೀವೂ ಏಳಿ.