ಬಾತುಗಳು ಹೇಳುವ ಕೆರೆಯ ಆಳ

(ಬೆಟ್ಟದ ತಪ್ಪಲಿನ ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳ ಸಭೆಯಲ್ಲಿ ಮಾಡಿದ ಉಪನ್ಯಾಸ)



ನಂದಿಬೆಟ್ಟದ ಸಾಲಿನಲ್ಲಿ ಸುರಿದ ಮಳೆಯು ಅರ್ಕಾವತಿಯಾಗಿ ದೊಡ್ಡಬಳ್ಳಾಪುರದ ಕೆರೆಗಳತ್ತ, ದಕ್ಷಿಣ ಪಿನಾಕಿನಿಯಾಗಿ ಹೊಸಕೋಟೆಯ ದೊಡ್ಡ ಕೆರೆಯತ್ತ ಹರಿಯುತ್ತದೆ. ಚಳಿಗಾಲದಲ್ಲಿ ಇಂಥ ಕೆರೆಗಳಿಗೆ ದೂರದ ಉತ್ತರದಿಂದ ಕಾಡುಬಾತುಗಳು ಬರುತ್ತವೆ. ಅವುಗಳ ಗುರುತು ಹಿಡಿಯಲು ಕಲಿತವರು ಕೆರೆಯ ಆರೋಗ್ಯವನ್ನೂ ಓದಬಲ್ಲರು.

ಬಣ್ಣವೊಂದನ್ನೇ ನಂಬಬೇಡಿ. ವಲಸೆ ಬಂದ ಹೊಸದರಲ್ಲಿ ಗಂಡುಗಳೂ ಹೆಣ್ಣುಗಳಂತೆ ಮಾಸಲು ಕಂದು ಗರಿ ಹೊದ್ದಿರುತ್ತವೆ. ಕೊಕ್ಕು, ಕತ್ತು, ಮೇಯುವ ರೀತಿಯನ್ನು ಗಮನಿಸಿ. ಅಗಲವಾದ ಕೊಕ್ಕಿನಿಂದ ನೀರನ್ನು ಸೋಸುತ್ತ ಸಾಗುವುದು ಸಲಿಕೆಕೊಕ್ಕಿನ ಬಾತು. ನೀಳವಾದ ಕತ್ತು, ಚೂಪಾದ ಬಾಲದ್ದು ಸೂಜಿಬಾಲದ ಬಾತು. ಗಾತ್ರದಲ್ಲಿ ಚಿಕ್ಕದು, ಗಂಡಿನ ಕಣ್ಣಿನ ಮೇಲೆ ಬಿಳಿ ಪಟ್ಟಿಯುಳ್ಳದ್ದು ಬಿಳಿಹುಬ್ಬಿನ ಬಾತು. ಕಪ್ಪು ಕೊಕ್ಕಿಗೆ ಹಳದಿ ತುದಿಯುಳ್ಳ ಚುಕ್ಕೆಕೊಕ್ಕಿನ ಬಾತು ವಲಸಿಗನಲ್ಲ, ನಮ್ಮದೇ ನಾಡಿನದು. ಹಣೆಯಲ್ಲಿ ಬಿಳಿ ನಾಮವಿರುವ ಕಪ್ಪು ಹಕ್ಕಿ ಬಾತೇ ಅಲ್ಲ, ಅದು ನಾಮದ ಕೋಳಿ.

ನೋಡುವಾಗ ಬೆಳಗಿನ ಬಿಸಿಲು ನಿಮ್ಮ ಬೆನ್ನಿಗಿರಲಿ. ಏರಿಯ ಮೇಲೆ ನಿಲ್ಲದೆ ಕೆಳಗೆ ಕುಳಿತುಕೊಳ್ಳಿ. ಹಕ್ಕಿಗಳು ಕತ್ತೆತ್ತಿದರೆ ಮುಂದೆ ಹೆಜ್ಜೆಯಿಡಬೇಡಿ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಈ ನಾಲ್ಕು ಬಾತುಗಳೂ ಸಾಮಾನ್ಯವಾಗಿ ಆಳಕ್ಕೆ ಮುಳುಗಿ ಮೇಯುವುದಿಲ್ಲ. ತಲೆ ಕೆಳಗೆ, ಬಾಲ ಮೇಲೆ ಮಾಡಿ ಕತ್ತು ನಿಲುಕುವಷ್ಟರಲ್ಲಿ ಸಿಗುವ ಬೀಜ, ಹುಳುಗಳನ್ನು ತಿನ್ನುತ್ತವೆ. ಮೊಣಕಾಲುದ್ದದ ನೀರೇ ಅವುಗಳ ಹೊಲ. ಕೆರೆಯ ಹೂಳೆತ್ತಿ ಎಂದು ರೈತರಿಗೆ ಸಲಹೆ ಕೊಟ್ಟವರಲ್ಲಿ ನಾನೂ ಒಬ್ಬ. ಆ ಸಲಹೆ ತಪ್ಪಲ್ಲ, ಆದರೆ ಅಪೂರ್ಣವಾಗಿತ್ತು. ಯಂತ್ರಗಳು ಅಂಚಿನಿಂದ ಅಂಚಿಗೆ ಕಡಿದಾಗಿ ತೋಡಿದರೆ ನೀರು ಹೆಚ್ಚುತ್ತದೆ, ಬಾತುಗಳ ಹೊಲ ಇಲ್ಲವಾಗುತ್ತದೆ. ಮುಳುಗಿ ಮೀನು ಹಿಡಿಯುವ ನೀರುಕಾಗೆಗಳಷ್ಟೇ ಉಳಿಯಬಹುದು. ಇಳಿಜಾರಿಲ್ಲದ ಅಂಚು ದನಕರುಗಳಿಗೂ ಈಜು ಬಾರದ ಮಕ್ಕಳಿಗೂ ಅಪಾಯವೇ.

ಕರಾವಳಿಯ ಅಘನಾಶಿನಿ ಅಳಿವೆಯಲ್ಲಿ ಉಬ್ಬರವಿಳಿತವು ದಿನವೂ ಕೆಸರುಬಯಲನ್ನು ತೆರೆದು ಹಕ್ಕಿಗಳಿಗೆ ಉಣಬಡಿಸುತ್ತದೆ. 2024ರಲ್ಲಿ ಆ ಅಳಿವೆಯೂ ಗದಗ ಜಿಲ್ಲೆಯ ಮಾಗಡಿ ಕೆರೆಯೂ ರಾಮ್ಸಾರ್ ಪಟ್ಟಿಗೆ ಸೇರಿದವು. ನಮ್ಮ ಬಯಲುಸೀಮೆಯಲ್ಲಿ ಸಮುದ್ರವಿಲ್ಲ. ಬೇಸಿಗೆಯತ್ತ ಮೆಲ್ಲನೆ ಇಳಿಯುವ ನೀರೇ ಆ ಕೆಲಸ ಮಾಡಬೇಕು. ಅದಕ್ಕೆ ಇಳಿಜಾರಾದ ಅಂಚು ಬೇಕು.

ಆದ್ದರಿಂದ ಹೂಳೆತ್ತುವ ಯೋಜನೆ ಬಂದಾಗ ಗ್ರಾಮಸಭೆಯಲ್ಲಿ ಎದ್ದು ನಿಂತು ಹೇಳಿ: ತೂಬಿನ ಕಡೆ ಆಳವಿರಲಿ, ನೀರು ಒಳಬರುವ ಕಡೆ ಜೊಂಡೂ ಜವುಗೂ ಉಳಿಯಲಿ. ವಿದ್ಯಾರ್ಥಿಗಳೇ, ಏಷ್ಯಾದ ನೀರುಹಕ್ಕಿ ಗಣತಿ 1987ರಿಂದ ಜನವರಿ ತಿಂಗಳಲ್ಲಿ ನಡೆದುಬಂದಿದೆ. ನೀವೂ ಪ್ರತಿ ಜನವರಿ ನಿಮ್ಮ ಕೆರೆಯ ಬಾತುಗಳನ್ನು ಎಣಿಸಿ, ದಿನಾಂಕ ಹಾಗೂ ನೀರಿನ ಮಟ್ಟದೊಡನೆ ಬರೆದಿಡಿ. ಹತ್ತು ವರ್ಷಗಳ ಅಂಥ ಒಂದು ನೋಟ್‌ಬುಕ್ಕನ್ನು ಸಭೆಯ ಮುಂದಿಟ್ಟರೆ ಯಾವ ಅಧಿಕಾರಿಯೂ ಅದನ್ನು ಸುಲಭವಾಗಿ ತಳ್ಳಿಹಾಕಲಾರರು.